ಸಬ್‌ಮರೀನಿನಲ್ಲಿ ಓಡಿದ ಮನುಷ್ಯ ಮತ್ತು ನಿನ್ನ ಕರಾರುಪತ್ರ

ಚಿರಂಜೀವಿ ವಸುಧಾ,

ನಿನ್ನ ಅಮ್ಮ ಫೋನ್ ಮಾಡಿ, "ಭಾವಾ, ವಸುಧಾಗೆ ಮ್ಯೂನಿಕ್‌ನಲ್ಲೇ ಒಂದು ಸೀರಿಯಲ್ಲು ಸಿಕ್ಕಿದೆ. ಈ ಸಲ ಅಸಿಸ್ಟೆಂಟ್ ಅಲ್ಲ, ಕ್ಯಾಮೆರಾ ಅವಳದೇ" ಅಂದಳು. ದೊಡ್ಡಮ್ಮ ಆಗಲೇ ದೇವರಿಗೆ ತುಪ್ಪದ ದೀಪ ಹಚ್ಚಿದ್ದಾಳೆ. ನಾನೂ ಸಂತೋಷಪಟ್ಟೆ ಕಣಮ್ಮ, ಸುಳ್ಳು ಹೇಳುವುದಿಲ್ಲ. ಆದರೆ ಮಾತು ಮುಗಿಸುವಾಗ ಅವಳು, "ದೊಡ್ಡ ಕರಾರುಪತ್ರ ಕಳಿಸಿದ್ದಾರಂತೆ, ಪುಟಗಟ್ಟಲೆ ಇದೆಯಂತೆ, ಓದೋಕೆ ಪುರುಸೊತ್ತಿಲ್ಲ, ಹಾಗೇ ಸಹಿ ಹಾಕಿಬಿಡ್ತಾಳಂತೆ" ಎಂದು ಸೇರಿಸಿದಳು. ಆವತ್ತು ರಾತ್ರಿ ನನಗೆ ನಿದ್ದೆ ಸರಿಯಾಗಿ ಹತ್ತಲಿಲ್ಲ. ವಕೀಲನಾಗಿ ಕೋರ್ಟಿಗೆ ಹೋಗುವುದನ್ನು ಬಿಟ್ಟರೂ ಕೋರ್ಟು ನನ್ನನ್ನು ಬಿಟ್ಟಿಲ್ಲ.

ಹೋದ ಸಲ ನೀನು ರಜೆಗೆ ಬಂದಿದ್ದಾಗ ಲ್ಯಾಪ್‌ಟಾಪನ್ನು ನಮ್ಮ ಟಿವಿಗೆ ಸಿಕ್ಕಿಸಿ ‘ದಾಸ್ ಬೋಟ್’ ಎಂಬ ಜರ್ಮನ್ ಸಿನಿಮಾ ತೋರಿಸಿದ್ದು ಜ್ಞಾಪಕವಿದೆಯಾ? ದೊಡ್ಡಮ್ಮ, "ಈ ಗಡ್ಡದವರೆಲ್ಲ ಒಂದೇ ಥರ ಕಾಣ್ತಾರೆ" ಎಂದು ಅರ್ಧಕ್ಕೇ ಎದ್ದು ಹೋದಳು. ನಾನು ಕೊನೆತನಕ ಕೂತೆ. ಅಲಾರಂ ಹೊಡೆಯುತ್ತದೆ. ಸಬ್‌ಮರೀನು ಕೂಡಲೇ ಮುಳುಗಬೇಕು. ಮೂತಿ ಭಾರವಾದರೆ ಬೇಗ ಮುಳುಗುತ್ತದೆಂದು, ಕೈ ಖಾಲಿ ಇದ್ದವರೆಲ್ಲ ಮುಂಭಾಗಕ್ಕೆ ಓಡುತ್ತಾರೆ. ಅವರ ಬೆನ್ನಿಗೇ ಕ್ಯಾಮೆರಾ. ಎರಡು ಪಕ್ಕದಲ್ಲೂ ಮಂಚ, ಪೈಪು, ಚಕ್ರ, ನೇತುಹಾಕಿದ ತಿಂಡಿ ಸಾಮಾನು. ನಡುವೆ ಆ ಗುಂಡಗಿನ ಕಿಂಡಿಬಾಗಿಲುಗಳು. ಒಬ್ಬ ಕಾಲು ಮುಂದೆ ಮಾಡಿ ಅದರಲ್ಲಿ ತೂರಿಕೊಂಡರೆ, ಹಿಂದೆಯೇ ಕ್ಯಾಮೆರಾನೂ ತೂರಿಕೊಳ್ಳುತ್ತದೆ. ಎಲ್ಲೂ ತಡವರಿಸುವುದಿಲ್ಲ, ಎಲ್ಲೂ ತುಂಡಾಗುವುದಿಲ್ಲ. "ಇದನ್ನು ಹೊತ್ತುಕೊಂಡು ಓಡಿದವನು ಯಾರೇ?" ಎಂದು ಕೇಳಿದ್ದಕ್ಕೆ, "ಯೋಸ್ಟ್ ವಕಾನೋ ಅಂತ, ದೊಡ್ಡಪ್ಪ" ಎಂದು ನೀನು ಹೆಮ್ಮೆಯಿಂದ ಹೇಳಿದೆ, ನಿಮ್ಮ ಮನೆಯವರೇ ಯಾರೋ ಎನ್ನುವಂತೆ. ನೀನು ಹೊರಟುಹೋದ ಮೇಲೆ ನಾನು ಆ ಮನುಷ್ಯನ ಬೆನ್ನು ಹತ್ತಿದೆ. ಸಿನಿಮಾದ ದಾರಿಯಲ್ಲಿ ಹೊರಟವನಿಗೆ ಕೊನೆಗೆ ಸಿಕ್ಕಿದ್ದು ಕೋರ್ಟಿನ ತೀರ್ಪುಗಳು. ಅದಕ್ಕೇ ಈ ಕಾಗದ.

ಮೊದಲು ಸಿನಿಮಾದ ಕಥೆ. ನಿನಗೆ ಗೊತ್ತಿರುವುದೇ ಇರಬಹುದು, ಆದರೂ ನನ್ನ ಬಾಯಲ್ಲಿ ಒಂದು ಸಲ ಕೇಳು.

ವಕಾನೋ ಹುಟ್ಟಿದ್ದು 1934ರಲ್ಲಿ, ಓಸ್ನಾಬ್ರುಕ್ ಊರಿನಲ್ಲಿ. ಮ್ಯೂನಿಕ್‌ಗೆ ಬಂದು ಓದಿದ್ದು ಎಲೆಕ್ಟ್ರಿಕಲ್ ಇಂಜಿನಿಯರಿಂಗು. ಸಿನಿಮಾ ಹುಚ್ಚು ಹತ್ತಿ ಗೆಳೆಯ ಪೀಟರ್ ಶಮೋನಿಯ ಜೊತೆ ಸಾಕ್ಷ್ಯಚಿತ್ರ ಮಾಡಿದ. 1966ರಲ್ಲಿ ಶಮೋನಿಯ ಮೊದಲ ಕಥಾಚಿತ್ರಕ್ಕೆ ಇವನದೇ ಕ್ಯಾಮೆರಾ. ಆ ಚಿತ್ರಕ್ಕೆ ಬರ್ಲಿನ್ ಉತ್ಸವದಲ್ಲಿ ಬೆಳ್ಳಿ ಕರಡಿ ಪ್ರಶಸ್ತಿಯೂ ಬಂತು. ಅದಾದ ಮೇಲೂ ಬಹಳ ವರ್ಷ ಟಿವಿ ಕೆಲಸ ಮಾಡಿಕೊಂಡೇ ಇದ್ದ. ನಿಮ್ಮ ಪೈಕಿ ಕೆಲವರು ಟಿವಿ ಎಂದರೆ ಮೂಗು ಮುರಿಯುತ್ತೀರಿ, ನೀನೂ ಒಂದು ಕಾಲಕ್ಕೆ ಮುರಿದವಳೇ. ಅವನ ಹೊಟ್ಟೆ ಹೊರೆದದ್ದೂ ಕೈ ಪಳಗಿಸಿದ್ದೂ ಟಿವಿಯೇ. 1974ರಲ್ಲಿ ರೋಲಂಡ್ ಕ್ಲಿಕ್‌ನ ‘ಸೂಪರ್‌ಮಾರ್ಕ್ಟ್’ಗಾಗಿ ಹ್ಯಾಂಬರ್ಗ್ ಬೀದಿಗಳಲ್ಲಿ ಕೈಲಿ ಕ್ಯಾಮೆರಾ ಹಿಡಿದು ಓಡಿದ. ಮರುವರ್ಷ ‘ಕಥರೀನಾ ಬ್ಲುಮ್’. ಆಮೇಲೆ ಹಾಲೆಂಡಿನ ಪಾಲ್ ವರ್ಹೋವನ್ ಕರೆದು ‘ಸೋಲ್ಜರ್ ಆಫ್ ಆರೆಂಜ್’ ಮಾಡಿಸಿದ. ಎಲ್ಲಿ ಹೋದರೂ ಒಂದೇ ಹಂಬಲ. ಕ್ಯಾಮೆರಾ ಮೂಲೆಯಲ್ಲಿ ನಿಂತು ನೋಡಬಾರದು, ಮನುಷ್ಯರ ಜೊತೆ ಓಡಬೇಕು. ಆದರೆ ಓಡಿದರೆ ಚಿತ್ರ ಕುಲುಕುತ್ತದೆ, ಕುಲುಕಿದರೆ ನೋಡುವವನ ತಲೆ ತಿರುಗುತ್ತದೆ.

ಹೀಗಿರುವಾಗ ಬಂತು ‘ದಾಸ್ ಬೋಟ್’. ಯುದ್ಧ ವರದಿಗಾರನಾಗಿ 1941ರಲ್ಲಿ ಯು-96 ಎಂಬ ಸಬ್‌ಮರೀನಿನಲ್ಲಿ ಹೋಗಿಬಂದ ಬುಕ್‌ಹೈಮ್ ಬರೆದ ಕಾದಂಬರಿ ಅದಕ್ಕೆ ಮೂಲ. ನಿರ್ದೇಶಕ ವೋಲ್ಫ್‌ಗ್ಯಾಂಗ್ ಪೀಟರ್ಸನ್. ಬವೇರಿಯಾ ಎಂಬ ನಿರ್ಮಾಣ ಸಂಸ್ಥೆಯ ಜೊತೆ ಟಿವಿ ಸಂಸ್ಥೆಗಳೂ ದುಡ್ಡು ಹಾಕಿದ್ದವು. ಥಿಯೇಟರಿಗೊಂದು ಸಿನಿಮಾ, ಟಿವಿಗೊಂದು ಧಾರಾವಾಹಿ, ಎರಡಕ್ಕೂ ಒಂದೇ ಶೂಟಿಂಗ್ ಎಂದು ಮೊದಲೇ ಗೊತ್ತಾಗಿತ್ತು. ಇದನ್ನು ಮನಸ್ಸಿನಲ್ಲಿಟ್ಟುಕೋ, ಮುಂದೆ ಬೇಕಾಗುತ್ತದೆ.

ನಿಮ್ಮ ಗೈಸೆಲ್‌ಗಾಸ್ಟೈಗ್ ಸ್ಟುಡಿಯೋದಲ್ಲೇ ಸಬ್‌ಮರೀನಿನ ಒಳಭಾಗವನ್ನು ನಿಜದ ಅಳತೆಗೆ, ಐವತ್ತು ಮೀಟರಿನಷ್ಟು ಉದ್ದದ ಕೊಳವೆಯಾಗಿ ಕಟ್ಟಿದರು. ಅದನ್ನು ಎತ್ತಿ, ಓರೆ ಮಾಡಿ, ಅಲ್ಲಾಡಿಸಲು ಕೆಳಗೆ ಹೈಡ್ರಾಲಿಕ್ ಯಂತ್ರ. ಇಂಥ ಸೆಟ್ಟಿನಲ್ಲಿ ಬೇಕಾದ ಕಡೆ ಗೋಡೆ ಬಿಚ್ಚಿ ಹೊರಗಿನಿಂದ ಶೂಟ್ ಮಾಡುವುದು ವಾಡಿಕೆ ಎಂದು ನೀನೇ ಹೇಳಿದ್ದೆ. ವಕಾನೋ ಗೋಡೆ ಬಿಚ್ಚಲು ಒಪ್ಪಲಿಲ್ಲ. ಒಳಗಿರುವವರಿಗೆ ಎಷ್ಟು ಜಾಗವೋ ಕ್ಯಾಮೆರಾಕ್ಕೂ ಅಷ್ಟೇ. ಓಡಿದರೂ ಚಿತ್ರ ಕುಲುಕದಂತೆ ಕ್ಯಾಮೆರಾವನ್ನು ಮೈಗೆ ಕಟ್ಟಿಕೊಳ್ಳುವ ಸ್ಟೆಡಿಕ್ಯಾಮ್ ಆಗಲೇ ಬಂದಿತ್ತು, ಆದರೆ ಅದನ್ನು ಕಟ್ಟಿಕೊಂಡು ಆ ಕಿಂಡಿಯಲ್ಲಿ ನುಸುಳುವುದು ಹೇಗೆ? ಇಂಜಿನಿಯರಿಂಗ್ ಓದಿದ್ದು ಆಗ ಉಪಯೋಗಕ್ಕೆ ಬಂತು. ಸಣ್ಣ ಆರಿಫ್ಲೆಕ್ಸ್ ಕ್ಯಾಮೆರಾಕ್ಕೆ ಎರಡು ಗೈರೋಸ್ಕೋಪು ಜೋಡಿಸಿದ. ಬುಗುರಿ ಜೋರಾಗಿ ತಿರುಗುತ್ತಿರುವಷ್ಟು ಹೊತ್ತು ಬೀಳಲು ಒಪ್ಪುವುದಿಲ್ಲವಲ್ಲ, ಅದೇ ಹಟವನ್ನು ಕ್ಯಾಮೆರಾಕ್ಕೂ ಕಲಿಸಿದ. ಮೈಗೆ ಪ್ಯಾಡು, ತಲೆಗೆ ಹೆಲ್ಮೆಟ್ಟು ಹಾಕಿಕೊಂಡು ನಟರ ಹಿಂದೆ ಓಡಿದ. ಆಗ ಅವನಿಗೆ ನಲವತ್ತೈದು ದಾಟಿತ್ತು. ಗೈರೋಸ್ಕೋಪಿನ ಗದ್ದಲಕ್ಕೆ ಮಾತು ಒಂದೂ ದಾಖಲಾಗುವಂತಿರಲಿಲ್ಲ, ಸಂಭಾಷಣೆಯನ್ನೆಲ್ಲ ಆಮೇಲೆ ಡಬ್ ಮಾಡಿದರು. ಅಷ್ಟು ತೊಂದರೆಗೂ ಒಪ್ಪಿಕೊಂಡರು, ಯಾಕೆಂದರೆ ಆ ಓಟ ಬೇರೆ ಯಾವ ರೀತಿಯಲ್ಲೂ ಸಿಗುತ್ತಿರಲಿಲ್ಲ.

ಬೆಳಕಿನ ಬಗ್ಗೆ ನಿನಗೆ ಹೇಳುವಷ್ಟು ನನಗೇನು ತಿಳಿದಿದೆ! ಆದರೂ ಒಂದನ್ನು ಗಮನಿಸಿದೆ. ಆ ಸಬ್‌ಮರೀನಿನೊಳಗೆ ಎಲ್ಲೂ ಸಿನಿಮಾ ಲೈಟು ಹಾಕಿದಂತೆ ಕಾಣುವುದಿಲ್ಲ. ಅಲ್ಲಿನ ಬಲ್ಬೇ ಉರಿಯುತ್ತಿದೆ, ಅದು ಆರಿದರೆ ಟಾರ್ಚು, ರಾತ್ರಿಯಾದರೆ ಕೆಂಪು ದೀಪ. ಮುಖದ ಬೆವರು ಕಾಣುತ್ತದೆ, ಅದರ ಹಿಂದೆ ಇನ್ನೊಂದು ಮುಖ ಅರೆಬರೆ. ಉಸಿರು ಕಟ್ಟಿದ ಹಾಗಾಗಿ ನಾನೊಂದು ಸಲ ಎದ್ದು ಕಿಟಕಿ ತೆರೆದೆ. ನೀನು ನಕ್ಕೆ.

ಚಿತ್ರ 1981ರ ಸೆಪ್ಟೆಂಬರಿನಲ್ಲಿ ಬಿಡುಗಡೆಯಾಯಿತು. ಅಮೆರಿಕದಲ್ಲಿ ಓಡಿ ಆರು ಆಸ್ಕರ್ ನಾಮನಿರ್ದೇಶನ ಗಿಟ್ಟಿಸಿತು, ಅದರಲ್ಲಿ ಛಾಯಾಗ್ರಹಣವೂ ಒಂದು. ಬಹುಮಾನ ಯಾರಿಗೆ ಹೋಯಿತು ಗೊತ್ತಾ? ನಮ್ಮ ‘ಗಾಂಧಿ’ಗೆ, ಅದರ ಕ್ಯಾಮೆರಾ ಹಿಡಿದ ಬಿಲ್ಲಿ ವಿಲಿಯಮ್ಸ್ ಮತ್ತು ರಾನಿ ಟೇಲರ್‌ಗೆ. ಆ ವರ್ಷ ಅದರ ನಿರ್ದೇಶಕ ಅಟೆನ್‌ಬರೋ ಗೆದ್ದದ್ದಕ್ಕೆ ಇಲ್ಲಿ ಸಂಭ್ರಮಿಸಿದವರಲ್ಲಿ ನಾನೂ ಒಬ್ಬ. ಎದುರು ಪಾಳಯದಲ್ಲಿ ಇಂಥವನೊಬ್ಬ ಇದ್ದನೆಂದು ಆಗ ಯಾರಿಗೆ ಗೊತ್ತಿತ್ತು?

ಮುಂದಿನದನ್ನು ಬೇಗ ಹೇಳಿಬಿಡುತ್ತೇನೆ. ‘ನೆವರ್ ಎಂಡಿಂಗ್ ಸ್ಟೋರಿ’, ಆಮೇಲೆ ಹಾಲಿವುಡ್, 1987ರಲ್ಲಿ ‘ರೋಬೋಕಾಪ್’, 1990ರಲ್ಲಿ ‘ಟೋಟಲ್ ರೀಕಾಲ್’, 1997ರಲ್ಲಿ ‘ಸ್ಟಾರ್‌ಶಿಪ್ ಟ್ರೂಪರ್ಸ್’. ಕರೆದವನು ಅದೇ ವರ್ಹೋವನ್. 2000ದ ‘ಹಾಲೋ ಮ್ಯಾನ್’ ಆದಮೇಲೆ ಕ್ಯಾಮೆರಾ ಕೆಳಗಿಟ್ಟ. ಈ ಪೈಕಿ ‘ರೋಬೋಕಾಪ್’ ನಿನ್ನ ಅಣ್ಣನಿಗೆ ಬಾಯಿಪಾಠ. ನನಗೆ ಆ ತಗಡಿನ ಪೊಲೀಸಪ್ಪನಲ್ಲಿ ಅಷ್ಟೇನೂ ರುಚಿ ಹುಟ್ಟಲಿಲ್ಲ.

ಈಗ ಕೋರ್ಟಿನ ಕಥೆ. ಆಕಳಿಸಬೇಡ.

‘ದಾಸ್ ಬೋಟ್’ ಕೆಲಸಕ್ಕೆ ವಕಾನೋಗೆ ಕೊಟ್ಟದ್ದು ಒಂದೇ ಇಡಿಗಂಟು, 2,04,000 ಜರ್ಮನ್ ಮಾರ್ಕ್. ಈಗಿನ ಯೂರೋದಲ್ಲಿ ಒಂದು ಲಕ್ಷದ ಮೇಲೆ ಸ್ವಲ್ಪ. ಆ ಕಾಲಕ್ಕೆ ಕಮ್ಮಿ ಹಣವೇನಲ್ಲ, ಅವನೂ ಖುಷಿಯಿಂದಲೇ ತೆಗೆದುಕೊಂಡಿರಬೇಕು. ಆದರೆ ಚಿತ್ರ ನಿಲ್ಲಲೇ ಇಲ್ಲ. ಥಿಯೇಟರು ಆಯಿತು, ಟಿವಿಯ ಕಂತುಗಳಾದವು, ಕ್ಯಾಸೆಟ್ಟು ಬಂತು, 1997ರಲ್ಲಿ ಮೂರೂವರೆ ಗಂಟೆಗೆ ಹತ್ತಿರದ ಹೊಸ ಆವೃತ್ತಿ ಬಂತು, ಡಿವಿಡಿ ಬಂತು, ಟಿವಿಯಲ್ಲಿ ಮತ್ತೆ ಮತ್ತೆ ಹಾಕಿದರು. ಕೇಳಿದರೆ ನಗು ಬರುತ್ತದೆ, ಹೊರದೃಶ್ಯಗಳಿಗೆಂದು ಫ್ರಾನ್ಸಿನ ಲಾ ರೊಷೆಲ್ ಬಂದರಿನಲ್ಲಿ ನಿಲ್ಲಿಸಿದ್ದ ಮಾದರಿ ಸಬ್‌ಮರೀನನ್ನು ಸ್ಪೀಲ್‌ಬರ್ಗ್ ತನ್ನ ‘ರೈಡರ್ಸ್ ಆಫ್ ದ ಲಾಸ್ಟ್ ಆರ್ಕ್’ಗೆ ಬಾಡಿಗೆಗೆ ತೆಗೆದುಕೊಂಡ. ಆ ಮಾದರಿ ದೋಣಿಗೂ ಮೇಲುಸಂಪಾದನೆ ಇತ್ತು, ಸೆಟ್ಟಿನೊಳಗೆ ಮೈ ತರಚಿಕೊಂಡು ಓಡಿದವನಿಗೆ ಇರಲಿಲ್ಲ.

ಜರ್ಮನಿಯಲ್ಲಿ 2002ರಲ್ಲಿ ಕೃತಿಸ್ವಾಮ್ಯದ ಕಾನೂನನ್ನು ತಿದ್ದಿದರು. ಕೃತಿಯಿಂದ ಬಂದ ಲಾಭಕ್ಕೂ ಕರ್ತೃವಿಗೆ ಕೊಟ್ಟ ಸಂಭಾವನೆಗೂ ಎದ್ದು ಕಾಣುವಷ್ಟು ಅಜಗಜಾಂತರ ಇದ್ದರೆ ಅವನು ಹೆಚ್ಚಿನದನ್ನು ಕೇಳಬಹುದು, ಆ ಹಕ್ಕನ್ನು ಕರಾರಿನಲ್ಲಿ ಮುಂಚಿತವಾಗಿ ಬಿಟ್ಟುಕೊಡಿಸುವಂತಿಲ್ಲ. 32ಎ ಕಲಂ. ಅಲ್ಲಿನವರು ಅದಕ್ಕೆ ಬೆಸ್ಟ್‌ಸೆಲ್ಲರ್ ಕಲಂ ಎಂದೇ ಅಡ್ಡಹೆಸರಿಟ್ಟಿದ್ದಾರೆ. ವಕಾನೋ 2008ರಲ್ಲಿ ಮ್ಯೂನಿಕ್ ಕೋರ್ಟಿನ ಮೆಟ್ಟಿಲು ಹತ್ತಿದ. ಅವನಿಗೆ ಆಗ ಎಪ್ಪತ್ತನಾಲ್ಕು.

ಹತ್ತಿ ಮೊದಲು ಕೇಳಿದ್ದು ದುಡ್ಡನ್ನಲ್ಲ, ಲೆಕ್ಕವನ್ನು. ನನ್ನೊಳಗಿನ ವಕೀಲ ಇಲ್ಲಿ ಎದ್ದು ನಿಂತು ಚಪ್ಪಾಳೆ ಹೊಡೆದ. ಎಷ್ಟು ಬಂದಿದೆಯೆಂದು ತಿಳಿಯದೆ ಎಷ್ಟು ಬರಬೇಕೆಂದು ಹೇಳುವುದು ಹೇಗೆ? ಸಿನಿಮಾ ಎಲ್ಲೆಲ್ಲಿ ಮಾರಾಟವಾಯಿತು, ಎಷ್ಟು ಸಲ ಪ್ರಸಾರವಾಯಿತು, ಪುಸ್ತಕ ತೆಗೆಯಿರಿ ಎಂದ. ಅಷ್ಟಕ್ಕೇ ವರ್ಷಗಳು ಹಿಡಿದವು. 2009ರಲ್ಲಿ ಮ್ಯೂನಿಕ್ ಕೋರ್ಟು ಅವನ ಪರ ಹೇಳಿತು. 2011ರಲ್ಲಿ ಆ ದೇಶದ ಸರ್ವೋಚ್ಚ ಸಿವಿಲ್ ನ್ಯಾಯಾಲಯವೂ ಲೆಕ್ಕ ಕೇಳುವ ಹಕ್ಕು ಇವನಿಗಿದೆ ಎಂದಿತು. ಆಮೇಲೆ ಹಣದ ಸುತ್ತು. 2017ರಲ್ಲಿ ಮ್ಯೂನಿಕ್‌ನ ಮೇಲ್ಮನವಿ ನ್ಯಾಯಾಲಯ ನಿರ್ಮಾಪಕ ಸಂಸ್ಥೆಯೂ ಇತರರೂ ಬಡ್ಡಿಯೆಲ್ಲ ಸೇರಿ ಐದು ಲಕ್ಷ ಯೂರೋಗಿಂತ ಹೆಚ್ಚು ಕೊಡಬೇಕೆಂದಿತು. ಮರುವರ್ಷ ಸ್ಟುಟ್‌ಗಾರ್ಟ್‌ನಲ್ಲಿ ಎಂಟು ಟಿವಿ ಸಂಸ್ಥೆಗಳ ಮೇಲೆ 3,15,000 ಯೂರೋ. ಎದುರು ಕಕ್ಷಿಗಳು ಮೇಲಕ್ಕೆ ಹೋದವು. ಮೇಲಿನ ಕೋರ್ಟು 2020ರಲ್ಲಿ ಒಂದನ್ನು, 2021ರಲ್ಲಿ ಇನ್ನೊಂದನ್ನು, ಲೆಕ್ಕ ಹಾಕಿದ ಬಗೆ ಸರಿಯಿಲ್ಲವೆಂದು ಪುನಃ ಕೆಳಕ್ಕೆ ಕಳಿಸಿತು. ಅಷ್ಟರಲ್ಲಿ ಕಕ್ಷಿದಾರನ ವಯಸ್ಸು ಎಂಬತ್ತೇಳು.

ಇದರಲ್ಲಿ ನನ್ನನ್ನು ಕುಟುಕಿದ್ದು ಬೇರೆಯೇ. ಹೊಸ ಕಲಂ ಅನ್ವಯಿಸಿದ್ದು 2002ರ ಮಾರ್ಚಿನ ನಂತರದ ಗಳಿಕೆಗೆ ಮಾತ್ರ. ಚಿತ್ರ ಬಿಸಿಬಿಸಿಯಾಗಿದ್ದ ಕಾಲ, ಜನ ಸಾಲುಗಟ್ಟಿ ಟಿಕೆಟ್ ಕೊಂಡ ಕಾಲ, ಊರೆಲ್ಲ ಟಿವಿ ಮುಂದೆ ಕೂತ ಕಾಲ, ಅದೆಲ್ಲ ಆ ಲೆಕ್ಕದಿಂದ ಹೊರಗೆ ಉಳಿಯಿತು. ಗೆದ್ದರೂ ಸಿಗುತ್ತಿದ್ದದ್ದು ತಣ್ಣಗಾದ ಪಾಲು. ಕ್ಯಾಮೆರಾಕ್ಕೆ ಗೈರೋಸ್ಕೋಪು ಜೋಡಿಸುವಾಗ ಒಂದೊಂದು ತಿರುಪನ್ನೂ ಮುಟ್ಟಿ ನೋಡಿದ ಮನುಷ್ಯ ಆತ. ಸಹಿ ಹಾಕಿದ ಕಾಗದದಲ್ಲಿ ಇಡಿಗಂಟು ಒಂದೇ ಇತ್ತು. ತಪ್ಪು ಅವನದೆನ್ನಲೂ ನನಗೆ ಮನಸ್ಸು ಬಾರದು. ಆಗ ಎಲ್ಲರೂ ಹಾಗೇ ಸಹಿ ಹಾಕುತ್ತಿದ್ದರು.

ನಮ್ಮಲ್ಲೂ ಇದೇ ಕಥೆ. ನನ್ನ ವಕೀಲಿಯ ಮೊದಲ ವರ್ಷಗಳಲ್ಲಿ ಒಬ್ಬ ಹಿರಿಯರು ಆಫೀಸಿಗೆ ಬಂದಿದ್ದರು. ನಾಟಕ ಕಂಪನಿಗಳಿಗೆ ಪರದೆ ಬರೆಯುತ್ತಿದ್ದವರು. ಅರಮನೆಯ ಪರದೆ, ಕಾಡಿನ ಪರದೆ, ಬೀದಿಯ ಪರದೆ. ಕಂಪನಿ ಮುಚ್ಚಿದ ಮೇಲೂ ಅದರ ಮಾಲೀಕರು ಇವರ ಪರದೆಗಳನ್ನು ಊರೂರಿನ ಹವ್ಯಾಸಿ ತಂಡಗಳಿಗೆ ಬಾಡಿಗೆಗೆ ಕೊಡುತ್ತಿದ್ದರು. "ನನಗೇನಾದರೂ ಬರುತ್ತದೆಯಾ ಸ್ವಾಮಿ?" ಎಂದು ಕೇಳಿದರು. ಬರೆದುಕೊಟ್ಟಾಗ ಕಾಗದ ಏನಾದರೂ ಆಗಿತ್ತಾ ಎಂದೆ. "ಕಾಗದ ಯಾಕೆ, ನಮ್ಮವರೇ ಅಲ್ವಾ?" ಎಂದರು. ಬಾಕಿ ಮಾತಾಡಲು ಏನೂ ಉಳಿಯಲಿಲ್ಲ. ಕಾಫಿ ತರಿಸಿ ಕೊಟ್ಟೆ, ಕುಡಿದು ಹೊರಟುಹೋದರು.

ಇಷ್ಟು ಕಂಡವನು, ನೀನು ಮೊದಲ ಕೆಲಸಕ್ಕೆ ಹೊರಟಾಗ ಏನು ಹೇಳಿದೆ? "ದುಡ್ಡಿನ ಮಾತು ಆಡಬೇಡ ಪುಟ್ಟಿ, ಕೆಲಸ ಕಲಿ, ದುಡ್ಡು ತಾನಾಗಿ ಬರುತ್ತೆ" ಎಂದೆ. ಹೆಣ್ಣುಮಗಳು, ಪರದೇಶ, ಯಾರ ಜೊತೆಯೂ ನಿಷ್ಠುರ ಬೇಡವೆಂದು ಹೇಳಿದ್ದು. ಆ ಮಾತನ್ನು ಇವತ್ತು ವಾಪಸ್ ತೆಗೆದುಕೊಳ್ಳುತ್ತಿದ್ದೇನೆ. ಸಹಿ ಹಾಕುವ ಮುಂಚೆ ಕೇಳು. ನಗುನಗುತ್ತಲೇ ಕೇಳು, ಆದರೆ ಕೇಳು. ಉತ್ತರವನ್ನು ಬರಹದಲ್ಲಿ ತೆಗೆದುಕೋ. ಕೇಳಿದ್ದಕ್ಕೇ ಕೆಲಸ ಹೋಗುವುದಾದರೆ, ಆ ಕೆಲಸ ಇವತ್ತಲ್ಲ ನಾಳೆ ಹೋಗುವಂಥದೇ.

ನೀನು ಇರುವ ಜಾಗವೂ ಸಾಮಾನ್ಯವಲ್ಲ. ಇಲ್ಲಿ ನಮ್ಮ 1957ರ ಕಾಯ್ದೆ ಚಲನಚಿತ್ರದ ಕರ್ತೃ ಎಂದು ಕರೆಯುವುದು ನಿರ್ಮಾಪಕನನ್ನು. 2012ರ ತಿದ್ದುಪಡಿಯಲ್ಲಿ ಹಾಡು ಬರೆದವರಿಗೆ, ರಾಗ ಹಾಕಿದವರಿಗೆ ರಾಯಧನದ ಪಾಲು ಬಂತು. ಕ್ಯಾಮೆರಾದವರು ಅದರಲ್ಲಿ ಇಲ್ಲ. ಜರ್ಮನಿಯಲ್ಲಿ ಹಾಗಲ್ಲ, ಛಾಯಾಗ್ರಾಹಕನೂ ಚಿತ್ರದ ಸಹಕರ್ತೃ ಎಂದು ಒಪ್ಪಿಕೊಂಡೇ ಆ ಕೋರ್ಟುಗಳು ವಕಾನೋನ ಅಹವಾಲು ಕೇಳಿದವು. ಆ ಮುದುಕ ಎಳೆದಾಡಿ ಸವೆಸಿದ ದಾರಿ ನಿನ್ನ ಬಾಗಿಲ ಮುಂದೆಯೇ ಹಾದುಹೋಗಿದೆ. ನೋಡದೆ ಸಹಿ ಹಾಕಿದರೆ ಅವನಿಗೂ ಅವಮಾನ, ನನಗೂ.

ಸರಿ, ಏನೇನು ನೋಡಬೇಕೆಂದು ಹೇಳಿಬಿಡುತ್ತೇನೆ. ಸಂಬಳ ಇಡಿಗಂಟೋ, ಮರುಪ್ರಸಾರಕ್ಕೆ ಬೇರೆ ಇದೆಯೋ. ಟಿವಿಗೆಂದು ತೆಗೆದದ್ದನ್ನು ಕತ್ತರಿಸಿ ಸಿನಿಮಾ ಮಾಡಿದರೆ, ಮೊಬೈಲಿನಲ್ಲಿ ತೋರಿಸುವ ಕಂಪನಿಗೆ ಮಾರಿದರೆ, ಅದಕ್ಕೆ ಏನು ಬರೆದಿದ್ದಾರೆ. ಇನ್ನೂ ಹುಟ್ಟದ ಯಾವುದೋ ಯಂತ್ರದಲ್ಲಿ ತೋರಿಸುವ ಹಕ್ಕನ್ನೂ ಸೇರಿಸಿಕೊಂಡಿದ್ದಾರೆಯೇ ನೋಡು, ಅವರು ಅದನ್ನು ಮರೆಯುವವರಲ್ಲ. ವರ್ಷಕ್ಕೊಂದು ಸಲ ಲೆಕ್ಕ ಕೊಡುವ ಮಾತು ಇದೆಯಾ? ನಿನ್ನ ಹೆಸರು ತೆರೆಯ ಮೇಲೆ ಎಲ್ಲಿ, ಹೇಗೆ ಬರುತ್ತದೆ? ಬಣ್ಣ ತಿದ್ದುವಾಗ ನಿನ್ನನ್ನು ಕರೆಯುತ್ತಾರಾ? ಆ ದಿನಗಳಿಗೆ ಸಂಬಳ ಉಂಟಾ? ಇವು ಯಾವುದೂ ಇಲ್ಲದಿದ್ದರೆ ಇಲ್ಲವೆಂದು ಗೊತ್ತಿದ್ದೇ ಸಹಿ ಹಾಕು, ಅದಕ್ಕೆ ನನ್ನ ಅಡ್ಡಿಯಿಲ್ಲ. ಸ್ವಂತವಾಗಿ ಕ್ಯಾಮೆರಾ ಹಿಡಿಯುವ ಮೊದಲ ಕೆಲಸದಲ್ಲಿ ಎಲ್ಲವೂ ಸಿಗುವುದಿಲ್ಲ ಎಂಬಷ್ಟು ಲೋಕಜ್ಞಾನ ನನಗೂ ಇದೆ. ಸಹಿಯಾದ ಪ್ರತಿಯೊಂದನ್ನು ಮಾತ್ರ ಜೋಪಾನವಾಗಿ ಇಟ್ಟುಕೋ, ಫೋನಿನಲ್ಲಲ್ಲ, ಕಾಗದದಲ್ಲಿ. ಅಲ್ಲಿ ಕ್ಯಾಮೆರಾದವರ ಸಂಘವಿದೆಯಲ್ಲ, ಅವರ ಹತ್ತಿರ ಒಬ್ಬ ವಕೀಲರಿಗೆ ಇದನ್ನು ತೋರಿಸಲು ಎಷ್ಟು ಖರ್ಚಾಗುತ್ತದೆ ವಿಚಾರಿಸು. ಆ ಫೀಜು ನನ್ನದು. ಬೇಡ ಎನ್ನಬೇಡ, ದೊಡ್ಡಮ್ಮನಿಗೆ ಹೇಳಲೂ ಬೇಡ.

ಕಾಗದದ ಫೋಟೋ ತೆಗೆದು ನನಗೂ ಕಳಿಸು. ಕ್ಯಾಮೆರಾದವಳು ನೀನು, ಹೋದ ಸಲ ಬಾಡಿಗೆ ಕರಾರಿನ ಫೋಟೋ ಕಳಿಸಿದಾಗ ಅರ್ಧ ಪುಟ ನಿನ್ನ ಹೆಬ್ಬೆರಳೇ ಇತ್ತು. ಇಂಗ್ಲಿಷ್ ಪ್ರತಿಯಿದ್ದರೆ ಅದು, ಇಲ್ಲದಿದ್ದರೆ ಜರ್ಮನ್ನೇ ಇರಲಿ. ಶನಿವಾರ ನಿನಗೆ ರಜವಲ್ಲವೇ, ಫೋನಿನಲ್ಲಿ ಒಂದೊಂದೇ ಕಲಂ ಓದಿ ಕನ್ನಡದಲ್ಲಿ ಅರ್ಥ ಹೇಳು, ನಾನು ಪೆನ್ಸಿಲ್ ಹಿಡಿದು ಕೂತಿರುತ್ತೇನೆ. ನಿಮಗೆ ಮಧ್ಯಾಹ್ನ ಆಗುವಷ್ಟರಲ್ಲಿ ಇಲ್ಲಿ ಸಂಜೆ ಕಾಫಿ ಮುಗಿದಿರುತ್ತದೆ.

ಇತಿ ಆಶೀರ್ವಾದಗಳು,
ನಿನ್ನ ದೊಡ್ಡಪ್ಪ